ಕೆಂಪೇಗೌಡರಿಗಿಂತ ಮೊದಲು ನಮ್ಮ ಸೀಮೆಯಲ್ಲಿ ಏನಿತ್ತು?

ಪ್ರಶ್ನೆ: ಇಂಗ್ಲೆಂಡಿನ ಆಂಗ್ಲೋ-ಸ್ಯಾಕ್ಸನ್ ರಾಜರ ಬಗ್ಗೆ ಇತಿಹಾಸಕಾರರೊಬ್ಬರು ಎಲ್ಲರಿಗೂ ತಿಳಿಯುವಂತೆ ಹೇಳಿದ್ದನ್ನು ಟೀವಿಯಲ್ಲಿ ನೋಡಿದೆ. ಅದೇ ಕಾಲದಲ್ಲಿ ನಮ್ಮ ದೇವನಹಳ್ಳಿ, ಹೊಸಕೋಟೆ ಕಡೆ ಏನಿತ್ತು? ಅದನ್ನು ನಮ್ಮಂಥವರಿಗೆ ತಿಳಿಸುವವರು ಇದ್ದಾರೆಯೇ?
— ಓದುಗರು, ಬೂದಿಗೆರೆ

ಉತ್ತರ: ನಿಮ್ಮ ಪ್ರಶ್ನೆಯಲ್ಲಿ ಮೂರು ಸಂದೇಹಗಳಿವೆ: ಆಗ ಇಲ್ಲಿ ಯಾರಿದ್ದರು, ಅದು ನಮಗೆ ತಿಳಿಯುವುದು ಹೇಗೆ, ತಿಳಿಸುವವರು ಯಾರು. ಒಂದೊಂದಾಗಿ ನೋಡೋಣ.

ಮೊದಲು ಕಾಲ. ಇಂಗ್ಲೆಂಡಿನ ಮರ್ಸಿಯಾದಲ್ಲಿ ಆಫಾ ಎಂಬ ರಾಜ 757ರಿಂದ 796ರವರೆಗೆ ಆಳಿದ. ಆ ಹೊತ್ತಿಗೆ ನಮ್ಮ ಸೀಮೆ ಗಂಗರ ದೊರೆ ಶ್ರೀಪುರುಷನ ಆಳ್ವಿಕೆಯಲ್ಲಿತ್ತು. ಅವನ ರಾಜಧಾನಿಯಾಗಿದ್ದ ಮಾನ್ಯಪುರವೇ ಇಂದಿನ ನೆಲಮಂಗಲ ತಾಲ್ಲೂಕಿನ ಮಣ್ಣೆ.

ಎರಡನೆಯದು ಆಧಾರ. ಆಂಗ್ಲೋ-ಸ್ಯಾಕ್ಸನ್ ಕಾಲಕ್ಕೆ ಬೀಡ್ ಎಂಬ ಸನ್ಯಾಸಿ 731ರಲ್ಲಿ ಮುಗಿಸಿದ ಇತಿಹಾಸ ಗ್ರಂಥವಿದೆ. ಗಂಗರ ಕಾಲಕ್ಕೆ ಅಂಥ ಗ್ರಂಥವಿಲ್ಲ. ಕಲ್ಲಿನ ಶಾಸನ ಮತ್ತು ತಾಮ್ರಪಟಗಳೇ ಮುಖ್ಯ ಆಧಾರ. ಹೆಬ್ಬಾಳದಲ್ಲಿ 2018ರಲ್ಲಿ ಬೆಳಕಿಗೆ ಬಂದ ಸುಮಾರು 750ರ ವೀರಗಲ್ಲನ್ನು ನೋಡಿ. ಹೆಬ್ಬಾಳದ ಸುತ್ತಲಿನ ಪೆರ್ಬೊಳಲ್ ನಾಡಿನ ಮೇಲೆ ದಾಳಿಯಾದಾಗ ಹೋರಾಡಿ ಮಡಿದ ಕಿತ್ತಯ್ಯನ ನೆನಪಿಗೆ ಅದನ್ನು ನಿಲ್ಲಿಸಿದರು. ರಾಜನಲ್ಲದ ಒಬ್ಬ ವ್ಯಕ್ತಿಯ ಹೆಸರು ಇಷ್ಟು ಕಾಲ ಉಳಿದಿರುವುದು ಆ ಕಲ್ಲಿನಿಂದಲೇ.

ಇಲ್ಲಿ ಒಂದು ಗೊಂದಲ ಸಹಜ. ಕೆಂಪೇಗೌಡರು 1537ರಲ್ಲಿ ಬೆಂಗಳೂರು ಕಟ್ಟಿಸಿದರು ಎಂದು ಓದಿರುತ್ತೇವೆ. ಹಾಗಾದರೆ ಅದಕ್ಕೂ ಮುಂಚೆ ಇಲ್ಲಿ ಬರೀ ಕಾಡಿತ್ತು ಎಂದುಕೊಳ್ಳುತ್ತೇವೆ. ಆದರೆ ಅವರು ಕಟ್ಟಿಸಿದ್ದು ಕೋಟೆ ಮತ್ತು ಪೇಟೆ. ಬೆಂಗಳೂರಿನ ಹೆಸರು ಅದಕ್ಕೂ ಆರು ನೂರು ವರ್ಷಗಳಿಗಿಂತ ಹಿಂದಿನ, ಸುಮಾರು 890ರ ಬೇಗೂರು ಶಾಸನದಲ್ಲೇ ಇದೆ. ಬೆಂಗಳೂರಿನ ಕಾಳಗದಲ್ಲಿ ನಾಗತ್ತರನೆಂಬ ನಾಯಕನ ಕಡೆಯವನೊಬ್ಬ ಸತ್ತನೆಂದು ಅದು ಹೇಳುತ್ತದೆ. ಊರುಗಳೂ ನಾಡುಗಳೂ ಆಗಲೇ ಇದ್ದವು.

ಮೂರನೆಯದು, ತಿಳಿಸುವವರು ಯಾರು ಎಂಬುದು. ಬೆಂಗಳೂರಿನಲ್ಲೇ 1837ರಲ್ಲಿ ಹುಟ್ಟಿದ ಬಿ.ಎಲ್. ರೈಸ್ ಅವರು ಮೈಸೂರು ಸಂಸ್ಥಾನದ ಸಾವಿರಾರು ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕಾ’ ಸಂಪುಟಗಳಲ್ಲಿ ಪ್ರಕಟಿಸಿದರು. ಒಂಬತ್ತನೆಯ ಸಂಪುಟ ಬೆಂಗಳೂರು ಜಿಲ್ಲೆಯದು. ಅದರಲ್ಲಿ ದೇವನಹಳ್ಳಿ, ಹೊಸಕೋಟೆ, ನೆಲಮಂಗಲ, ದೊಡ್ಡಬಳ್ಳಾಪುರದ ಶಾಸನಗಳು ತಾಲ್ಲೂಕುವಾರು ಇವೆ. ಎಂ. ಚಿದಾನಂದಮೂರ್ತಿ ಅವರ ‘ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ’ ಆ ಕಲ್ಲುಗಳ ಹಿಂದಿನ ಜನಜೀವನವನ್ನು ವಿವರಿಸುತ್ತದೆ. ಇತ್ತೀಚೆಗೆ ಬೆಂಗಳೂರಿನ ಮಿಥಿಕ್ ಸೊಸೈಟಿಯಲ್ಲಿ ಪಿ.ಎಲ್. ಉದಯಕುಮಾರ್ ಅವರ ತಂಡ ಶಾಸನಗಳನ್ನು ಮೂರು ಆಯಾಮದ ಸ್ಕ್ಯಾನಿಂಗ್ ಮಾಡಿ, ಸವೆದ ಅಕ್ಷರಗಳನ್ನೂ ಓದುವಂತೆ ಮಾಡಿ, ಸಾರ್ವಜನಿಕರ ಮುಂದಿಡುತ್ತಿದೆ. ಈ ಕೆಲಸಕ್ಕೆ ಊರಿನವರ ಸಹಾಯ ತೀರ ಅಗತ್ಯ. ರಸ್ತೆ, ಬಡಾವಣೆಗಳ ಕೆಲಸದಲ್ಲಿ ಇಂಥ ಕಲ್ಲುಗಳು ಬೇಗ ಕಾಣೆಯಾಗುತ್ತವೆ.

ನೀವೂ ನೆರವಾಗಬಹುದು. ನಿಮ್ಮ ಕೆರೆ ಏರಿ, ಗುಡಿ, ಹೊಲದ ಬದುಗಳಲ್ಲಿ ಅಕ್ಷರವಿರುವ ಕಲ್ಲು ಕಂಡರೆ ಬಣ್ಣ, ಸುಣ್ಣ ಬಳಿಯಬೇಡಿ, ಕದಲಿಸಬೇಡಿ. ಬೆಳಗಿನ ಅಥವಾ ಸಂಜೆಯ ಓರೆ ಬಿಸಿಲಿನಲ್ಲಿ ಫೋಟೊ ತೆಗೆದು, ಇರುವ ಜಾಗ ಬರೆದು, ಮಿಥಿಕ್ ಸೊಸೈಟಿಗೋ ರಾಜ್ಯ ಪುರಾತತ್ವ ಇಲಾಖೆಗೋ ತಿಳಿಸಿ.