ದವನ: ಪದ, ಸಸ್ಯ, ಆಚರಣೆ

ಹಳಗನ್ನಡ ಮತ್ತು ನಡುಗನ್ನಡ ಕಾವ್ಯಗಳ ಟಿಪ್ಪಣಿಗಳಲ್ಲಿ ‘ದವನ’ ಎಂಬ ಪದ ಬಂದಾಗ ಅದಕ್ಕೆ ಸಾಮಾನ್ಯವಾಗಿ ದೊರೆಯುವ ವಿವರಣೆ ‘ಒಂದು ಬಗೆಯ ಸುಗಂಧ ಸಸ್ಯ’ ಎಂಬುದು. ಮರುಗಕ್ಕೂ ಬಹುಮಟ್ಟಿಗೆ ಇದೇ ಅರ್ಥ. ಪಚ್ಚೆಗೂ ಮಾಚಿಪತ್ರೆಗೂ ಇದೇ. ಹೀಗೆ ನಾಲ್ಕು ಬೇರೆ ಬೇರೆ ಗಿಡಗಳು ಒಂದೇ ಟಿಪ್ಪಣಿಯೊಳಗೆ ಕರಗಿಹೋಗಿವೆ. ವಸಂತವರ್ಣನೆಯಲ್ಲಿಯೋ ಹೂವಿನ ಸಂತೆಯ ಚಿತ್ರಣದಲ್ಲಿಯೋ ಈ ಹೆಸರುಗಳು ಸಾಲಾಗಿ ಬಂದಾಗ ಓದುಗನಿಗೆ ಉಳಿಯುವುದು ‘ಪರಿಮಳ’ ಎಂಬ ಒಂದು ಸಾಮಾನ್ಯ ಭಾವನೆ ಮಾತ್ರ. ಆದರೆ ದವನದ ಮಟ್ಟಿಗೆ ಈ ವಿವರಣೆ ಅಪೂರ್ಣವಷ್ಟೇ ಅಲ್ಲ, ದಾರಿತಪ್ಪಿಸುವಂತಹುದೂ ಹೌದು. ದವನ ಪರಿಮಳದ ಗಿಡ, ನಿಜ; ಅದು ಕಹಿಯಾದ ಗಿಡವೂ ಹೌದು. ಅದರ ಹೆಸರು ಹುಟ್ಟಿರುವುದು ಪರಿಮಳದಿಂದಲ್ಲ, ‘ಅಡಗಿಸುವುದು’ ಎಂಬ ಅರ್ಥದಿಂದ. ಈ ಅರ್ಥವನ್ನು ಬಿಟ್ಟು ಆ ಪದವನ್ನು ಓದಿದರೆ ಅದರ ಸುತ್ತ ಬೆಳೆದ ಪುರಾಣವಾಗಲಿ, ಚೈತ್ರದ ಆಚರಣೆಯಾಗಲಿ, ಶಾಸನಗಳ ಒಂದು ಚಿರಪರಿಚಿತ ನುಡಿಗಟ್ಟಾಗಲಿ ಸ್ಪಷ್ಟವಾಗುವುದಿಲ್ಲ.

ಮೊದಲು ಪದದ ರೂಪವನ್ನು ಪರಿಶೀಲಿಸಬಹುದು. ಸಂಸ್ಕೃತದ ‘ದಮನ’, ‘ದಮನಕ’ ಶಬ್ದಗಳಿಂದ ‘ದವನ’ ಬಂದಿದೆ. ಸ್ವರಗಳ ನಡುವಿನ ಮಕಾರ ವಕಾರವಾಗುವುದು ಅಪಭ್ರಂಶದಲ್ಲಿ ಚೆನ್ನಾಗಿ ಗುರುತಾಗಿರುವ ಬದಲಾವಣೆ. ಹೇಮಚಂದ್ರನ ವ್ಯಾಕರಣ ಇದಕ್ಕೆ ಪ್ರತ್ಯೇಕ ಸೂತ್ರವನ್ನೇ ಕೊಡುತ್ತದೆ. ಕನ್ನಡದಲ್ಲಿ ಇದರ ಉದಾಹರಣೆಗಳಿಗೆ ಕೊರತೆಯಿಲ್ಲ: ಕುಮಾರ ಕುವರನಾದ, ಸಾಮಂತ ಸಾವಂತನಾದ. ಶಾಸನಗಳ ‘ಗಾಮುಂಡ’ ಮುಂದೆ ‘ಗಾವುಂಡ’ನಾಗಿ ಕೊನೆಗೆ ಗೌಡನಾದುದೂ ಇದೇ ಹಾದಿಯಲ್ಲಿ. ಮರಾಠಿಯ ‘ದವಣಾ’, ಹಿಂದಿಯ ‘ದೌನಾ’, ತೆಲುಗಿನ ‘ದವನಂ’ ರೂಪಗಳನ್ನು ಜೊತೆಗಿಟ್ಟು ನೋಡಿದರೆ ಪದದ ಪ್ರಯಾಣ ಇನ್ನಷ್ಟು ಖಚಿತವಾಗುತ್ತದೆ. ಇದೇ ಧ್ವನಿನಿಯಮ ‘ದಾಮ’ ಎಂಬ ಹಗ್ಗದಿಂದ ‘ದಾವಣಿ’ ಎಂಬ ಪದವನ್ನೂ ತಂದಿದೆ. ದನಗಳನ್ನು ಕಟ್ಟುವ ದಾವಣಿಗೂ ಈ ಗಿಡಕ್ಕೂ ಸಂಬಂಧವಿಲ್ಲ. ಮೊದಲ ಅಕ್ಷರದ ದೀರ್ಘವೇ ಅವೆರಡನ್ನೂ ಬೇರ್ಪಡಿಸುತ್ತದೆ. ದಾವಣಗೆರೆಯ ಹೆಸರಿನಲ್ಲಿ ದವನದ ಪರಿಮಳವನ್ನು ಹುಡುಕುವ ಉತ್ಸಾಹಕ್ಕೂ ಈ ದೀರ್ಘವೇ ಅಡ್ಡಿ.

‘ದಮನ’ ಎಂದರೆ ಅಡಗಿಸುವುದು, ಪಳಗಿಸುವುದು, ಹತೋಟಿಗೆ ತರುವುದು. ಒಂದು ಸುಗಂಧದ ಗಿಡಕ್ಕೆ ಇಂತಹ ಹೆಸರೇಕೆ? ಇದಕ್ಕೆ ಉತ್ತರ ಕಾವ್ಯಗಳಿಗಿಂತ ವೈದ್ಯಗ್ರಂಥಗಳಲ್ಲಿ ಸುಲಭವಾಗಿ ದೊರೆಯುತ್ತದೆ. ಹದಿನಾರನೆಯ ಶತಮಾನದ ಭಾವಮಿಶ್ರನ ‘ಭಾವಪ್ರಕಾಶ’ದ ನಿಘಂಟುಭಾಗದಲ್ಲಿ ದಮನಕವು ಪುಷ್ಪವರ್ಗದಲ್ಲಿ ಸೇರಿದೆ, ಎಲೆಗಾಗಿ ಬೆಳೆಸುವ ಗಿಡ ಹೂಗಳ ಗುಂಪಿನಲ್ಲಿ ಸ್ಥಾನ ಪಡೆದಿರುವುದೇ ಅದರ ಬಳಕೆಯ ಸ್ವರೂಪವನ್ನು ಸೂಚಿಸುತ್ತದೆ. ಅಲ್ಲಿ ಕೊಡುವ ಪರ್ಯಾಯನಾಮಗಳಲ್ಲಿ ದಾಂತ, ವಿನೀತ, ಮುನಿಪುತ್ರ, ತಪೋಧನ, ಬ್ರಹ್ಮಜಟ, ಗಂಧೋತ್ಕಟ ಎಂಬವು ಗಮನಾರ್ಹವಾದವು. ಇವುಗಳಲ್ಲಿ ಪರಿಮಳವನ್ನು ನೇರವಾಗಿ ಹೇಳುವುದು ‘ಗಂಧೋತ್ಕಟ’ ಒಂದೇ. ಉಳಿದವೆಲ್ಲ ತಪಸ್ವಿಯ ಹೆಸರುಗಳು. ಬೂದಿಬಣ್ಣದ ನವಿರಾದ ರೋಮಗಳು, ಜಡೆಯಂತೆ ಸೀಳಿಸೀಳಿ ಹರಡಿದ ಎಲೆಗಳು - ಇವನ್ನು ಕಂಡವರಿಗೆ ‘ಬ್ರಹ್ಮಜಟ’ ಎಂಬ ಹೆಸರು ಕೇವಲ ಅಲಂಕಾರವಾಗಿ ತೋರುವುದಿಲ್ಲ. ರಸದ ವಿಷಯದಲ್ಲಿ ಭಾವಮಿಶ್ರ ಅದನ್ನು ಒಗರು ಮತ್ತು ಕಹಿ ಎಂದು ಹೇಳಿ, ಅದರ ಜೊತೆಯಲ್ಲಿಯೇ ಹೃದ್ಯ ಎಂದೂ ಸುಗಂಧಿ ಎಂದೂ ಹೇಳುತ್ತಾನೆ. ಮೂಗಿಗೆ ಹಿತವಾದದ್ದು, ನಾಲಗೆಗೆ ನಿಷ್ಠುರವಾದದ್ದು ಎಂಬ ಈ ಎರಡು ಮುಖಗಳು ವೈದ್ಯನಿಗೆ ವಿರೋಧವಾಗಿ ತೋರಿಲ್ಲ.

ಇನ್ನೊಂದು ಸೂಕ್ಷ್ಮವಿದೆ. ‘ದಮನ’ ಎಂದರೆ ಅಡಗಿಸುವವನು. ‘ದಾಂತ’ ಎಂದರೆ ಅಡಗಿಸಲ್ಪಟ್ಟವನು. ಒಂದೇ ಗಿಡಕ್ಕೆ ಕರ್ತೃವಾಚಕವೂ ಕರ್ಮವಾಚಕವೂ ಹೆಸರಾಗಿರುವುದು ಹೇಗೆ? ಈ ಒಗಟನ್ನು ಬಿಡಿಸುವ ಕಥೆ ಅಗ್ನಿಪುರಾಣದ ಎಂಬತ್ತನೆಯ ಅಧ್ಯಾಯದಲ್ಲಿದೆ. ಶಿವನ ಕೋಪದಿಂದ ಹುಟ್ಟಿದ ಭೈರವನು ದೇವತೆಗಳನ್ನು ದಮನಮಾಡಿದನು. ಅದಕ್ಕಾಗಿ ಶಿವನು ಅವನಿಗೆ ಭೂಮಿಯಲ್ಲಿ ಗಿಡವಾಗೆಂದು ಶಾಪವಿತ್ತನು. ಆಮೇಲೆ ಪ್ರಸನ್ನನಾಗಿ ಆ ಗಿಡದಿಂದ ಮಾಡುವ ಪೂಜೆಗೆ ಫಲವನ್ನು ಅನುಗ್ರಹಿಸಿದನು. ದೇವತೆಗಳನ್ನು ಅಡಗಿಸಿದವನೇ ಇಲ್ಲಿ ಅಡಗಿಸಲ್ಪಟ್ಟವನು. ಉಗ್ರತೆ ಬೇರುಬಿಟ್ಟು ಒಂದೆಡೆ ನಿಂತಾಗ ಅದೇ ಪೂಜಾದ್ರವ್ಯ. ಗಿಡದ ಹೆಸರನ್ನು ವಿವರಿಸಲು ಆಮೇಲೆ ಕಟ್ಟಿದ ಕಥೆ ಇದು ಎಂದು ವಾದಿಸಬಹುದು. ಹಾಗಿದ್ದರೂ ಆ ಹೆಸರನ್ನು ಅಂದಿನವರು ಹೇಗೆ ಕೇಳಿಸಿಕೊಂಡಿದ್ದರು ಎಂಬುದಕ್ಕೆ ಇದಕ್ಕಿಂತ ಉತ್ತಮ ಸಾಕ್ಷ್ಯ ಬೇಕಿಲ್ಲ.

ಈ ದ್ವಂದ್ವವು ಪಂಚಾಂಗದಲ್ಲಿಯೂ ಮೂಡಿದೆ. ಧರ್ಮನಿಬಂಧಗಳ ಪ್ರಕಾರ ಚೈತ್ರ ಶುಕ್ಲ ದ್ವಾದಶಿಯಂದು ವಿಷ್ಣುವಿಗೆ, ಚತುರ್ದಶಿಯಂದು ಶಿವನಿಗೆ ದವನವನ್ನು ಅರ್ಪಿಸಬೇಕು. ಇವೆರಡರ ನಡುವಿನ ತ್ರಯೋದಶಿ ಕಾಮನ ದಿನ. ಅಂದು ಅನಂಗನ ಪೂಜೆಗೂ ದವನವೇ ದ್ರವ್ಯ. ಕಾಮನನ್ನು ಸುಟ್ಟವನಿಗೆ ಮರುದಿನ ಅರ್ಪಿತವಾಗುವುದೂ ಇದೇ ಕುಡಿ. ಕಾವ್ಯಗಳ ವಸಂತವರ್ಣನೆಯಲ್ಲಿ ದವನವನ್ನು ಕೇವಲ ಶೃಂಗಾರದ ಉದ್ದೀಪನ ಸಾಮಗ್ರಿಯೆಂದು ಪರಿಗಣಿಸುವ ವಿಮರ್ಶೆ ತ್ರಯೋದಶಿಯನ್ನು ಮಾತ್ರ ನೋಡಿ ಚತುರ್ದಶಿಯನ್ನು ಮರೆತಂತೆ. ಮುಡಿಯಲ್ಲಿ ದವನವಿರುವ ನಾಯಿಕೆಯ ವರ್ಣನೆಯನ್ನು ಓದುವಾಗ, ಆ ಪದ ಸಂಯಮದ ಧ್ವನಿಯನ್ನೂ ಹೊತ್ತಿದೆ ಎಂಬ ಅರಿವು ಅರ್ಥವನ್ನು ಬದಲಿಸಬಲ್ಲುದು. ಎಲ್ಲ ಕವಿಗಳೂ ಅದನ್ನು ಉದ್ದೇಶಿಸಿದ್ದರು ಎನ್ನಲಾಗದು. ಆಯಾ ಸಂದರ್ಭವೇ ಅದನ್ನು ನಿರ್ಣಯಿಸಬೇಕು.

ಇದಕ್ಕಿಂತ ಗಟ್ಟಿಯಾದ ನೆಲ ಶಾಸನಗಳದು. ಕಲ್ಯಾಣ ಚಾಲುಕ್ಯರ ಕಾಲದ ಹಾಗೂ ಆನಂತರದ ದಾನಶಾಸನಗಳಲ್ಲಿ ಅಂಗಭೋಗ, ರಂಗಭೋಗ, ಖಂಡಸ್ಫುಟಿತ ಜೀರ್ಣೋದ್ಧಾರಗಳ ಜೊತೆಗೆ ‘ಚೈತ್ರ ಪವಿತ್ರ’ ಎಂಬ ಜೋಡಿಪದ ಮತ್ತೆ ಮತ್ತೆ ಬರುತ್ತದೆ. ‘ಪವಿತ್ರ’ವೆಂಬುದು ಮಳೆಗಾಲದಲ್ಲಿ ದೇವರಿಗೆ ನೂಲಿನ ಪವಿತ್ರಗಳನ್ನು ಏರಿಸುವ ಪವಿತ್ರಾರೋಹಣ. ವರ್ಷದ ಪೂಜೆಯಲ್ಲಿ ಉಂಟಾದ ಲೋಪಗಳನ್ನು ತುಂಬಿಕೊಡುವುದು ಅದರ ಉದ್ದೇಶ. ‘ಚೈತ್ರ’ವನ್ನು ಸಾಮಾನ್ಯವಾಗಿ ವಸಂತೋತ್ಸವವೆಂದು ಅರ್ಥೈಸಿ ಮುಂದೆ ಸಾಗುವುದುಂಟು. ಆದರೆ ಪವಿತ್ರದಂತಹ ಕಟ್ಟುನಿಟ್ಟಾದ ವಿಧಿಯೊಂದಿಗೆ ಅಗಲದೆ ಜೋಡಿಯಾಗಿರುವ ಚೈತ್ರ ಬರಿಯ ಓಕುಳಿಯ ಸಂಭ್ರಮವಾಗಿರಲಾರದು. ಅಗ್ನಿಪುರಾಣದಲ್ಲಿ ಪವಿತ್ರಾರೋಹಣದ ಅಧ್ಯಾಯ ಮುಗಿದೊಡನೆ ಬರುವುದು ದಮನಕಾರೋಹಣದ ಅಧ್ಯಾಯ. ಶೈವ ಪದ್ಧತಿಗ್ರಂಥವಾದ ಹನ್ನೊಂದನೆಯ ಶತಮಾನದ ‘ಸೋಮಶಂಭುಪದ್ಧತಿ’ಯಲ್ಲಿಯೂ ಈ ಎರಡು ವಿಧಿಗಳಿಗೆ ಸ್ಥಾನವಿದೆ. ಕಾಳಾಮುಖರು ಮತ್ತು ಇತರ ಶೈವ ಆಚಾರ್ಯರು ಸ್ಥಾನಾಧಿಪತಿಗಳಾಗಿದ್ದ ದೇವಾಲಯಗಳ ಶಾಸನಗಳಲ್ಲಿ ‘ಚೈತ್ರ’ ಎಂದರೆ ದವನವನ್ನು ಏರಿಸುವ ಪರ್ವವೆಂದು ಓದುವುದಕ್ಕೆ ಈ ಜೋಡಣೆ ಬಲವಾದ ಆಧಾರ ಒದಗಿಸುತ್ತದೆ. ಪ್ರತಿಯೊಂದು ಶಾಸನಕ್ಕೂ ಈ ಅರ್ಥವನ್ನು ಕಣ್ಣುಮುಚ್ಚಿ ಅನ್ವಯಿಸುವುದು ಸರಿಯಲ್ಲ. ಚೈತ್ರದಲ್ಲಿ ತೇರು, ಡೋಲೆ, ವಸಂತಪೂಜೆ ಮೊದಲಾದ ಬೇರೆ ಉತ್ಸವಗಳೂ ಇದ್ದವು. ಆದರೂ ಈ ನುಡಿಗಟ್ಟು ಎದುರಾದಾಗಲೆಲ್ಲ ದಾನದ ಭೂಮಿ ಹೂದೋಟಕ್ಕೆ ಸಂಬಂಧಿಸಿದೆಯೇ, ಸ್ಥಾನಾಚಾರ್ಯನ ಪಂಥ ಯಾವುದು ಎಂಬ ಪ್ರಶ್ನೆಗಳನ್ನು ಕೇಳಿಕೊಳ್ಳುವುದು ಅವಶ್ಯ.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ಸಂಸ್ಕೃತ ಗ್ರಂಥಗಳ ದಮನಕ ಮತ್ತು ಕನ್ನಡ ನಾಡಿನ ದವನ ಎಲ್ಲೆಡೆ ಒಂದೇ ಗಿಡವೆಂದು ತಿಳಿಯಲಾಗದು. ದಕ್ಷಿಣದಲ್ಲಿ ದವನವೆಂದು ಕರೆಯುವುದು ಆರ್ಟಿಮಿಸಿಯಾ ಪ್ಯಾಲೆನ್ಸ್ ಎಂಬ ಸಸ್ಯವನ್ನು. ಅದು ಸೂರ್ಯಕಾಂತಿಯ ಕುಟುಂಬಕ್ಕೆ ಸೇರಿದ, ಮೊಣಕಾಲೆತ್ತರಕ್ಕೆ ಬೆಳೆಯುವ, ಒಂದೇ ಹಂಗಾಮಿನಲ್ಲಿ ಬಾಳು ಮುಗಿಸುವ ಗಿಡ. ಹೂಗಳು ಹಳದಿ, ಕಣ್ಣಿಗೆ ಬೀಳದಷ್ಟು ಚಿಕ್ಕವು. ಉತ್ತರದ ಟೀಕಾಕಾರರ ದೌನಾ ಇದೇ ಕುಲದ ಬೇರೆ ಪ್ರಭೇದಗಳೂ ಆಗಿರಬಹುದು. ಮಾಚಿಪತ್ರೆಯೂ ಅದೇ ಕುಲದ್ದು. ಆದರೆ ಅದು ಬೆಟ್ಟಸೀಮೆಗಳಲ್ಲಿ ತಾನಾಗಿ ಬೆಳೆಯುವ, ವರ್ಷಗಟ್ಟಲೆ ಬಾಳುವ, ಎತ್ತರವಾದ ಗಿಡ. ಗಣಪತಿಯ ಇಪ್ಪತ್ತೊಂದು ಪತ್ರೆಗಳ ಪೂಜೆಯಲ್ಲಿ ಅದಕ್ಕೆ ಗೌರವದ ಸ್ಥಾನ. ಕಹಿಯ ವಿಷಯದಲ್ಲಿ ಅದರ ಇನ್ನೊಂದು ಮುಖವೂ ಕುತೂಹಲಕರ: ತೆಲುಗು ಬೈಬಲಿನ ಪ್ರಕಟನ ಗ್ರಂಥದಲ್ಲಿ, ನೀರಿಗೆ ಬಿದ್ದು ಅದನ್ನು ಕಹಿಮಾಡುವ ನಕ್ಷತ್ರದ ಹೆಸರು ‘ಮಾಚಿಪತ್ರಿ’. ಪೂಜೆಗೆ ಸಲ್ಲುವ ಎಲೆಯೇ ಮತ್ತೊಂದು ಗ್ರಂಥದಲ್ಲಿ ದಂಡನೆಯ ಸಂಕೇತವಾಗಿರುವುದು ಅನುವಾದದ ಅಧ್ಯಯನಕಾರರು ಗಮನಿಸಬೇಕಾದ ಸಂಗತಿ.

ಮರುಗದ ಕಥೆ ಬೇರೆ. ಅದು ತುಳಸಿಯ ಕುಟುಂಬದ್ದು. ಅಮರಕೋಶದಲ್ಲಿ ಸಮೀರಣ, ಫಣಿಜ್ಜಕ ಮೊದಲಾದ ಪರ್ಯಾಯಗಳೊಂದಿಗೆ ಬರುವ ‘ಮರುವಕ’ವನ್ನು ಕನ್ನಡದ ಮರುಗದ ಮೂಲವೆಂದು ಹೇಳುತ್ತಾರೆ. ಗೊಂದಲ ಹುಟ್ಟುವುದು ತಮಿಳನ್ನು ಎದುರಿಗಿಟ್ಟುಕೊಂಡಾಗ. ತಮಿಳಿನ ‘ಮರಿಕ್ಕೊಳುಂದು’ ನಮ್ಮ ಮರುಗವಲ್ಲ, ದವನ. ಧ್ವನಿಸಾಮ್ಯವನ್ನು ನಂಬಿ ಜ್ಞಾತಿಪದಗಳನ್ನು ಹೊಂದಿಸಿದರೆ ಗಿಡವೇ ಬದಲಾಗಿಬಿಡುತ್ತದೆ. ಬೆಂಗಳೂರಿನ ಹೂವಿನ ಮಾರುಕಟ್ಟೆಯಂತಹ ಎರಡೂ ಭಾಷೆಗಳು ಕೂಡುವ ಜಾಗಗಳಲ್ಲಿ ವ್ಯಾಪಾರಿಗಳಿಗೆ ಈ ವ್ಯತ್ಯಾಸ ಕೈಯಲ್ಲಿಯೇ ತಿಳಿದಿರುತ್ತದೆ. ನಿಘಂಟು ನೋಡಿ ಕಲಿತವರಿಗೆ ಮಾತ್ರ ತೊಡಕು. ದವನ, ಮರುಗಗಳು ಜನರ ಮಾತಿನಲ್ಲಿಯೂ ಹಾಡಿನಲ್ಲಿಯೂ ಜೋಡಿಯಾಗಿ ಬರುವುದಕ್ಕೆ ಕಾರಣ ಅವುಗಳ ಸಾಮ್ಯವಲ್ಲ, ಮಾಲೆಯಲ್ಲಿ ಅವು ಮಾಡುವ ಕೆಲಸ. ಮಲ್ಲಿಗೆ, ಸೇವಂತಿಗೆಗಳ ನಡುವೆ ಹಸುರಿನ ಅಂತರ ಕೊಡುವುದು, ಹೂ ಬಾಡಿದ ಮೇಲೂ ಪರಿಮಳ ಉಳಿಸುವುದು ಈ ಎಲೆಗಳ ಪಾಲು. ಒಣಗಿದರೂ ದವನದ ಗಂಧ ಬೇಗ ಹೋಗುವುದಿಲ್ಲ. ಬಟ್ಟೆಯ ಪೆಟ್ಟಿಗೆಯಲ್ಲಿ ಅದರ ಕುಡಿಗಳನ್ನು ಇಡುವ ಹಳೆಯ ರೂಢಿಗೆ ಪರಿಮಳ ಎಷ್ಟು ಕಾರಣವೋ ಹುಳು ಹತ್ತದಿರಲೆಂಬ ಎಣಿಕೆಯೂ ಅಷ್ಟೇ ಕಾರಣ. ಇಲ್ಲಿಯೂ ದಮನವಿದೆ.

ಕೃಷಿಯ ಕಾಲಮಾನವನ್ನು ಗಮನಿಸಿದರೆ ಚೈತ್ರದ ನಂಟು ಮತ್ತಷ್ಟು ಸ್ಪಷ್ಟವಾಗುತ್ತದೆ. ಎಣ್ಣೆಗಾಗಿ ಬೆಳೆಯುವ ದವನವನ್ನು ನವೆಂಬರ್ ಸುಮಾರಿಗೆ ಬಿತ್ತಿ, ಹೂ ಬಿಟ್ಟ ಹೊತ್ತಿಗೆ, ಫೆಬ್ರುವರಿ-ಮಾರ್ಚ್ ತಿಂಗಳುಗಳಲ್ಲಿ ಕೊಯ್ಯುತ್ತಾರೆ. ಚಳಿಯಲ್ಲಿ ಬೆಳೆದು ಬಿಸಿಲೇರುತ್ತಿದ್ದಂತೆ ಹೂವಾಗಿ ಮಾಗುವ ಗಿಡ ಇದು. ಯುಗಾದಿಯ ಆಚೀಚೆಯ ದಿನಗಳು ಅದರ ಪಾಲಿಗೆ ಸುಗ್ಗಿಯ ಕೊನೆ. ಕರ್ನಾಟಕದ ದಕ್ಷಿಣ ಜಿಲ್ಲೆಗಳ ಕೆಂಪುಮಣ್ಣಿನಲ್ಲಿ ಬೆಳೆಯುವ ಈ ಗಿಡದಿಂದ ಭಟ್ಟಿಯಿಳಿಸಿದ ಎಣ್ಣೆ ವಿದೇಶಗಳ ಸುಗಂಧ ತಯಾರಿಕೆಗೆ ಹೋಗುತ್ತದೆ. ಅದರ ಮುಖ್ಯ ಘಟಕಕ್ಕೆ ರಸಾಯನಶಾಸ್ತ್ರಜ್ಞರು ಇಟ್ಟ ಹೆಸರು ‘ದವನೋನ್’. ದಮನದಿಂದ ದವನವಾದ ಪದ ಇಷ್ಟು ದೂರ ಸಾಗಿದೆ. ಔಷಧದ ದೃಷ್ಟಿಯಿಂದ, ಸಕ್ಕರೆರೋಗಕ್ಕೆ ದವನವನ್ನು ಬಳಸುವ ಜನಪದ ರೂಢಿಯ ಹಿನ್ನೆಲೆಯಲ್ಲಿ ಇಲಿಗಳ ಮೇಲೆ ನಡೆಸಿದ ಪ್ರಯೋಗದ ಫಲಿತಾಂಶ 1996ರಲ್ಲಿ ಪ್ರಕಟವಾಯಿತು; ರಕ್ತದ ಸಕ್ಕರೆ ಇಳಿದುದು ಅಲ್ಲಿ ಕಂಡುಬಂದಿದೆ. ಇಲಿಗಳ ಮೇಲಿನ ಪ್ರಯೋಗವನ್ನು ಮನುಷ್ಯರ ಚಿಕಿತ್ಸೆಯೆಂದು ಬರೆಯುವ ಉತ್ಸಾಹ ಮಾತ್ರ ಸಲ್ಲದು.

ಚೈತ್ರದ ಹುಣ್ಣಿಮೆಗೆ ‘ದವನದ ಹುಣ್ಣಿಮೆ’ ಎಂಬ ಹೆಸರು ಇಂದಿಗೂ ಕನ್ನಡ ಪಂಚಾಂಗಗಳಲ್ಲಿ ಅಚ್ಚಾಗುತ್ತದೆ. ಹಲವರಿಗೆ ಅದು ಹನುಮಜಯಂತಿಯ ಇನ್ನೊಂದು ಹೆಸರು. ಸವದತ್ತಿಯ ಎಲ್ಲಮ್ಮನ ಗುಡ್ಡದಲ್ಲಿ ಈ ಹುಣ್ಣಿಮೆಗೆ ಜಾತ್ರೆ ಕೂಡುತ್ತದೆ. ಕೊಲ್ಲಾಪುರದ ಸಮೀಪದ ಜೋತಿಬಾ ಬೆಟ್ಟದಲ್ಲಂತೂ ಚೈತ್ರಯಾತ್ರೆಯಂದು ಭಕ್ತರು ದೇವರಿಗೆ ಒಪ್ಪಿಸುವುದು ದವನವನ್ನೇ. ಅಲ್ಲಿಗೆ ಹೋಗುವವರಲ್ಲಿ ಉತ್ತರ ಕರ್ನಾಟಕದವರೂ ಇದ್ದಾರೆ. ಪುರಾಣದ ಶಾಪಗ್ರಸ್ತ ಭೈರವ ಅವರಿಗೆ ನೆನಪಿರಬೇಕಾಗಿಲ್ಲ. ಆದರೆ ಜೋತಿಬಾನೂ ಭೈರವನ ರೂಪವೆಂದೇ ಪೂಜೆಗೊಳ್ಳುವ ದೇವರು. ಅವನಿಗೆ ಸಲ್ಲುವ ಎಲೆಯೂ ಅದೇ. ಕಾವ್ಯದ ಟಿಪ್ಪಣಿಯಲ್ಲಿ ‘ದವನ: ದಮನಕ, ಕಹಿಯೂ ಸುಗಂಧಿಯೂ ಆದ ಗಿಡ, ಚೈತ್ರದ ದಮನಾರೋಪಣಕ್ಕೆ ಬಳಸುವಂತಹುದು, ಮರುಗದಿಂದ ಬೇರೆ’ ಎಂದು ಬರೆಯಲು ಒಂದು ಸಾಲು ಸಾಕು.