ಸೆಫ್ಟ್ರಿಯಾಕ್ಸೋನ್: ಒಂದು ಚುಚ್ಚುಮದ್ದು ಮತ್ತು ಬ್ಯಾಕ್ಟೀರಿಯಾಗಳ ನಿರೋಧಕತೆ

ಪಾಠದ ಹಿನ್ನೆಲೆ

ಸೂಕ್ಷ್ಮಜೀವಿಗಳು, ರೋಗಗಳು, ಜೀವವಿಕಾಸ ಎಂಬ ವಿಷಯಗಳು ಪ್ರೌಢಶಾಲೆಯ ವಿಜ್ಞಾನದಲ್ಲಿ ಬೇರೆ ಬೇರೆ ಅಧ್ಯಾಯಗಳಾಗಿ ಬರುತ್ತವೆ. ಈ ಮೂರನ್ನೂ ಒಂದೇ ಎಳೆಯಲ್ಲಿ ಪೋಣಿಸಲು ಸೆಫ್ಟ್ರಿಯಾಕ್ಸೋನ್ ಎಂಬ ಚುಚ್ಚುಮದ್ದು ಉತ್ತಮ ಉದಾಹರಣೆ. ಗಡಿನಾಡಿನ ಎಷ್ಟೋ ಕನ್ನಡ ಮನೆಗಳಲ್ಲಿ ಔಷಧದ ಚೀಟಿಯನ್ನೂ ಸೀಸೆಯ ಮೇಲಿನ ಬರಹವನ್ನೂ ಓದಿ ಹಿರಿಯರಿಗೆ ವಿವರಿಸುವವರು ಶಾಲೆಗೆ ಹೋಗುವ ಮಕ್ಕಳೇ. ಆದ್ದರಿಂದ ಈ ಪಾಠದಲ್ಲಿ ತರಗತಿಯಲ್ಲಿ ಮೂಡುವ ಸ್ಪಷ್ಟತೆಯೂ ಉಳಿಯುವ ತಪ್ಪು ಕಲ್ಪನೆಯೂ ಮನೆಯವರೆಗೆ ತಲುಪುತ್ತವೆ.

ಪಾಠದ ಕೊನೆಗೆ ವಿದ್ಯಾರ್ಥಿಯು

1. ಪ್ರತಿಜೈವಿಕವು ಬ್ಯಾಕ್ಟೀರಿಯಾವನ್ನು ನಾಶಮಾಡುವ ಬಗೆಯನ್ನು ವಿವರಿಸುವನು;
2. ವೈರಸ್ ಜ್ವರಕ್ಕೆ ಅದು ಏಕೆ ನಾಟುವುದಿಲ್ಲವೆಂಬುದಕ್ಕೆ ಕಾರಣ ಕೊಡುವನು;
3. ಔಷಧಕ್ಕೆ ಒಗ್ಗಿಕೊಳ್ಳುವುದು ರೋಗಿಯ ದೇಹವಲ್ಲ, ಬದಲಾಗುವುದು ಬ್ಯಾಕ್ಟೀರಿಯಾಗಳ ಸಮುದಾಯ ಎಂಬುದನ್ನು ನಿದರ್ಶನದೊಡನೆ ತೋರಿಸುವನು.

ಔಷಧದ ಮೂಲ

1945ರಲ್ಲಿ ಇಟಲಿಯ ಸಾರ್ಡೀನಿಯಾ ದ್ವೀಪದ ಕಾಲ್ಯಾರಿ ಪಟ್ಟಣದಲ್ಲಿ ಜುಸೆಪ್ಪೆ ಬ್ರೋಟ್ಸು ಎಂಬ ವಿಜ್ಞಾನಿ, ಚರಂಡಿಯ ನೀರು ಸಮುದ್ರವನ್ನು ಸೇರುವ ಸ್ಥಳದಿಂದ ಒಂದು ಶಿಲೀಂಧ್ರವನ್ನು ಬೇರ್ಪಡಿಸಿದರು. ಅದರ ರಸವು ವಿಷಮಶೀತ ಜ್ವರದ ಬ್ಯಾಕ್ಟೀರಿಯಾ ಸೇರಿದಂತೆ ಹಲವು ಬಗೆಯ ರೋಗಾಣುಗಳ ಬೆಳವಣಿಗೆಯನ್ನು ತಡೆಯುತ್ತಿತ್ತು. ಆ ಶಿಲೀಂಧ್ರದ ಹೆಸರು ಸೆಫಲೋಸ್ಪೋರಿಯಮ್. ಅದರಿಂದಲೇ ಈ ಔಷಧವರ್ಗಕ್ಕೆ ಸೆಫಲೋಸ್ಪೋರಿನ್ ಎಂಬ ಹೆಸರು ಬಂತು. ಮುಂದೆ ಆಕ್ಸ್‌ಫರ್ಡಿನಲ್ಲಿ ಎಡ್ವರ್ಡ್ ಅಬ್ರಹಾಂ ಮತ್ತು ಗೈ ನ್ಯೂಟನ್ ಅದರೊಳಗಿನ ಮೂಲವಸ್ತುವನ್ನು ಶುದ್ಧರೂಪದಲ್ಲಿ ಪಡೆದರು. ಆ ಮೂಲವಸ್ತುವಿಗೆ ಬೇರೆ ಬೇರೆ ರಾಸಾಯನಿಕ ಗುಂಪುಗಳನ್ನು ಜೋಡಿಸಿ ಹಲವು ತಲೆಮಾರುಗಳ ಔಷಧಗಳನ್ನು ರೂಪಿಸಲಾಯಿತು. ಸ್ವಿಟ್ಜರ್‌ಲೆಂಡಿನ ರೋಶ್ ಸಂಸ್ಥೆಯಲ್ಲಿ ಸಿದ್ಧವಾಗಿ 1980ರ ದಶಕದಲ್ಲಿ ಬಳಕೆಗೆ ಬಂದ ಸೆಫ್ಟ್ರಿಯಾಕ್ಸೋನ್ ಮೂರನೆಯ ತಲೆಮಾರಿಗೆ ಸೇರಿದುದು.

ಕೆಲಸ ಮಾಡುವ ಬಗೆ

ಬ್ಯಾಕ್ಟೀರಿಯಾದ ಸುತ್ತ ಗಟ್ಟಿಯಾದ ಕೋಶಭಿತ್ತಿಯಿರುತ್ತದೆ. ಉದ್ದನೆಯ ಎಳೆಗಳನ್ನು ಅಡ್ಡ ಕೊಂಡಿಗಳಿಂದ ಬಿಗಿದು ಕಟ್ಟಿದ ಬಲೆಯಂತಹ ರಚನೆ ಅದು. ಬ್ಯಾಕ್ಟೀರಿಯಾ ಬೆಳೆದು ಇಬ್ಭಾಗವಾಗುವಾಗಲೆಲ್ಲ ಹೊಸ ಭಿತ್ತಿಯನ್ನು ಹೆಣೆಯಬೇಕಾಗುತ್ತದೆ. ಕೊಂಡಿ ಹಾಕುವ ಕೆಲಸವನ್ನು ಕೆಲವು ಕಿಣ್ವಗಳು ಮಾಡುತ್ತವೆ. ಸೆಫ್ಟ್ರಿಯಾಕ್ಸೋನಿನ ಅಣುವಿನಲ್ಲಿ ಬೀಟಾ-ಲ್ಯಾಕ್ಟಮ್ ಎಂಬ ನಾಲ್ಕು ಪರಮಾಣುಗಳ ಉಂಗುರವಿದೆ. ಈ ಉಂಗುರವು ಭಿತ್ತಿ ಕಟ್ಟುವ ಕಿಣ್ವಕ್ಕೆ ಅಂಟಿಕೊಂಡು ಅದರ ಕೈಕಟ್ಟುತ್ತದೆ. ಕೊಂಡಿಯಿಲ್ಲದ ಭಿತ್ತಿ ದುರ್ಬಲವಾಗಿ, ಒಳಗಿನ ಒತ್ತಡವನ್ನು ತಾಳಲಾರದೆ ಬ್ಯಾಕ್ಟೀರಿಯಾ ಒಡೆಯುತ್ತದೆ.

ಮನುಷ್ಯನ ಜೀವಕೋಶಕ್ಕೆ ಕೋಶಭಿತ್ತಿಯಿಲ್ಲ. ಆದ್ದರಿಂದ ಔಷಧವು ರೋಗಾಣುವನ್ನು ಕೊಂದರೂ ರೋಗಿಯ ಜೀವಕೋಶಗಳನ್ನು ಮುಟ್ಟುವುದಿಲ್ಲ. ವೈರಸ್ಸಿಗೂ ಕೋಶಭಿತ್ತಿಯಿಲ್ಲ, ಆದ್ದರಿಂದ ನೆಗಡಿ, ಫ್ಲೂ, ಡೆಂಗೆ ಮುಂತಾದ ವೈರಸ್ ರೋಗಗಳ ಮೇಲೆ ಈ ಔಷಧಕ್ಕೆ ಯಾವ ಹಿಡಿತವೂ ಇಲ್ಲ. ಈ ಎರಡು ವಾಕ್ಯಗಳನ್ನು ಜೊತೆಯಾಗಿ ಕರಿಹಲಗೆಯ ಮೇಲೆ ಬರೆಯುವುದು ಒಳ್ಳೆಯದು. ಪಾಠದ ಅರ್ಧಭಾಗ ಅವುಗಳಲ್ಲಿಯೇ ಅಡಗಿದೆ.

ಉಪಯೋಗಗಳು

ಸೆಫ್ಟ್ರಿಯಾಕ್ಸೋನ್ ಬಾಯಿಯ ಮೂಲಕ ಕೊಡುವ ಔಷಧವಲ್ಲ. ಸ್ನಾಯುವಿಗೆ ಅಥವಾ ರಕ್ತನಾಳಕ್ಕೆ ಚುಚ್ಚುಮದ್ದಾಗಿ ಕೊಡಲಾಗುತ್ತದೆ. ದೇಹದಲ್ಲಿ ಬಹುಕಾಲ ಉಳಿಯುವುದರಿಂದ ಅನೇಕ ರೋಗಗಳಿಗೆ ದಿನಕ್ಕೊಂದು ಚುಚ್ಚುಮದ್ದು ಸಾಕಾಗುತ್ತದೆ. ಉರಿಯೂತವಿರುವಾಗ ಮಿದುಳಿನ ಪೊರೆಗಳ ನಡುವಿನ ದ್ರವವನ್ನೂ ಇದು ಸೇರಬಲ್ಲುದು. ಆ ಪೊರೆಗಳಿಗೆ ಬ್ಯಾಕ್ಟೀರಿಯಾ ತಗಲಿ ಉಂಟಾಗುವ ಮೆನಿಂಜೈಟಿಸ್ ಕೆಲವೇ ಗಂಟೆಗಳಲ್ಲಿ ಪ್ರಾಣಾಪಾಯ ತರಬಲ್ಲ ರೋಗ; ಅದರಲ್ಲಿ ಈ ಚುಚ್ಚುಮದ್ದು ಎಷ್ಟೋ ಮಕ್ಕಳ ಜೀವ ಉಳಿಸಿದೆ. ತೀವ್ರ ನ್ಯುಮೋನಿಯಾ, ರಕ್ತದ ನಂಜು, ವಿಷಮಶೀತ ಜ್ವರ, ಮೂತ್ರಪಿಂಡದ ಸೋಂಕು, ಗೊನೋರಿಯಾ ಮುಂತಾದವುಗಳ ಚಿಕಿತ್ಸೆಯಲ್ಲಿಯೂ ಇದಕ್ಕೆ ಸ್ಥಾನವಿದೆ.

ಆದರೆ ಇದು ಎಲ್ಲ ಬ್ಯಾಕ್ಟೀರಿಯಾಗಳಿಗೂ ಮದ್ದಲ್ಲ. ಎಂಟರೊಕಾಕಸ್, ಸ್ಯೂಡೊಮೊನಾಸ್ ಮುಂತಾದವುಗಳ ಮೇಲೆ ಇದನ್ನು ನೆಚ್ಚುವಂತಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯು ಇದನ್ನು ಅತ್ಯಗತ್ಯ ಔಷಧಗಳ ಪಟ್ಟಿಯಲ್ಲಿ ಸೇರಿಸಿರುವುದರ ಜೊತೆಗೆ, ನಿರೋಧಕತೆಯ ಭಯವಿರುವುದರಿಂದ ಎಚ್ಚರದಿಂದ ಬಳಸಬೇಕಾದ ಗುಂಪಿನಲ್ಲಿಯೂ ಇರಿಸಿದೆ. ಭಾರತದಲ್ಲಿ 2014ರಿಂದ ಇದು ಎಚ್-1 ಅನುಸೂಚಿಗೆ ಸೇರಿದ ಔಷಧ. ವೈದ್ಯರ ಚೀಟಿಯಿಲ್ಲದೆ ಅಂಗಡಿಯಲ್ಲಿ ಮಾರುವಂತಿಲ್ಲ. ಮಾರಿದಾಗ ವೈದ್ಯರ ಮತ್ತು ರೋಗಿಯ ಹೆಸರನ್ನು ದಾಖಲಿಸಿ, ಆ ದಾಖಲೆಯನ್ನು ಮೂರು ವರ್ಷ ಕಾಪಾಡಬೇಕು.

ನಿರೋಧಕತೆ ಹುಟ್ಟುವ ಬಗೆ

ಔಷಧದಿಂದ ಪಾರಾಗಲು ಬ್ಯಾಕ್ಟೀರಿಯಾಗಳಿಗೆ ಮುಖ್ಯವಾಗಿ ಮೂರು ದಾರಿಗಳಿವೆ. ಒಂದು, ಔಷಧ ಅಂಟಿಕೊಳ್ಳುವ ಕಿಣ್ವದ ರೂಪವೇ ಬದಲಾಗುವುದು. ಗೊನೋರಿಯಾದ ರೋಗಾಣುವಿನಲ್ಲಿ ಇದನ್ನು ಕಾಣಬಹುದು. ಎರಡು, ಔಷಧ ಒಳಬರುವ ರಂಧ್ರಗಳನ್ನು ಕಿರಿದಾಗಿಸುವುದು ಅಥವಾ ಒಳಬಂದುದನ್ನು ಹೊರಕ್ಕೆ ತಳ್ಳುವುದು. ಮೂರನೆಯದು ಎಲ್ಲಕ್ಕಿಂತ ವ್ಯಾಪಕವಾದುದು: ಔಷಧದ ಉಂಗುರವನ್ನೇ ಒಡೆಯುವ ಬೀಟಾ-ಲ್ಯಾಕ್ಟಮೇಸ್ ಎಂಬ ಕಿಣ್ವವನ್ನು ತಯಾರಿಸುವುದು. ಸೆಫ್ಟ್ರಿಯಾಕ್ಸೋನಿಗೆ ಜೋಡಿಸಿದ ಪಾರ್ಶ್ವಗುಂಪುಗಳು ಹಳೆಯ ಬೀಟಾ-ಲ್ಯಾಕ್ಟಮೇಸ್‌ಗಳನ್ನು ಉಂಗುರದ ಹತ್ತಿರ ಬಿಡುತ್ತಿರಲಿಲ್ಲ. ಆ ತಡೆಯನ್ನೂ ದಾಟಿದ ಕಿಣ್ವಗಳಲ್ಲಿ ಸಿಟಿಎಕ್ಸ್-ಎಂ ಎಂಬ ಬಳಗ ಪ್ರಮುಖವಾದುದು. ಅದರಲ್ಲಿ ಇಂದು ಜಗತ್ತಿನಾದ್ಯಂತ ಹರಡಿರುವ ಸಿಟಿಎಕ್ಸ್-ಎಂ-15 ಎಂಬ ಬಗೆಯನ್ನು ಮೊದಲು ವರದಿ ಮಾಡಿದ್ದು ಭಾರತದ ರೋಗಿಗಳಿಂದ ದೊರೆತ ಬ್ಯಾಕ್ಟೀರಿಯಾಗಳಲ್ಲಿ, 2001ರಲ್ಲಿ.

ಈ ಕಿಣ್ವದ ಜೀನು ಸಾಮಾನ್ಯವಾಗಿ ಪ್ಲಾಸ್ಮಿಡ್ ಎಂಬ ಡಿಎನ್‌ಎ ಬಳೆಯ ಮೇಲಿರುತ್ತದೆ. ಪ್ಲಾಸ್ಮಿಡ್ ತಾಯಿಕೋಶದಿಂದ ಮರಿಕೋಶಕ್ಕೆ ಮಾತ್ರವಲ್ಲದೆ ನೆರೆಯ ಬ್ಯಾಕ್ಟೀರಿಯಾಕ್ಕೂ, ಬೇರೆ ಪ್ರಭೇದಕ್ಕೂ ದಾಟಬಲ್ಲುದು. ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಸೆಫ್ಟ್ರಿಯಾಕ್ಸೋನಿನ ಒಂದು ದೊಡ್ಡ ಪಾಲು ಪಿತ್ತರಸದೊಡನೆ ಕರುಳನ್ನು ಸೇರುತ್ತದೆ. ವೈರಸ್ ಜ್ವರದ ರೋಗಿಗೆ ಇದನ್ನು ಕೊಟ್ಟಾಗ ಜ್ವರಕ್ಕೆ ಏನೂ ಆಗದಿದ್ದರೂ, ಕರುಳಿನಲ್ಲಿ ನಿರುಪದ್ರವಿಗಳಾಗಿ ವಾಸಿಸುತ್ತಿದ್ದ ಬ್ಯಾಕ್ಟೀರಿಯಾಗಳಲ್ಲಿ ದುರ್ಬಲವಾದವು ಸಾಯುತ್ತವೆ. ನಿರೋಧಕವಾದವು ಉಳಿದು ಹೆಚ್ಚುತ್ತವೆ. ಅನಗತ್ಯವಾದ ಚುಚ್ಚುಮದ್ದು ವ್ಯರ್ಥವಾಗುವುದಷ್ಟೇ ಅಲ್ಲ, ನಿರೋಧಕ ಜೀನುಗಳಿಗೆ ಗೊಬ್ಬರವೂ ಆಗುತ್ತದೆ.

ವಿಷಮಶೀತ ಜ್ವರದ ನಿದರ್ಶನ

ಟೈಫಾಯ್ಡ್ ಎಂದು ಎಲ್ಲರೂ ಬಲ್ಲ ವಿಷಮಶೀತ ಜ್ವರಕ್ಕೆ 1948ರಿಂದ ಕ್ಲೋರಾಂಫೆನಿಕಾಲ್ ರಾಮಬಾಣವೆನಿಸಿತ್ತು. 1972ರಲ್ಲಿ ಮೆಕ್ಸಿಕೋದಲ್ಲಿಯೂ ಕೇರಳದ ಕಲ್ಲಿಕೋಟೆಯಲ್ಲಿಯೂ ಅದಕ್ಕೆ ಬಗ್ಗದ ರೋಗಾಣುಗಳು ಕಾಣಿಸಿಕೊಂಡವು. ಕಲ್ಲಿಕೋಟೆಯ ಸಂಶೋಧಕರು ಆ ನಿರೋಧಕತೆ ಒಂದು ಬ್ಯಾಕ್ಟೀರಿಯಾದಿಂದ ಮತ್ತೊಂದಕ್ಕೆ ವರ್ಗವಾಗಬಲ್ಲುದೆಂದು ಅದೇ ವರ್ಷ ಪ್ರಕಟಿಸಿದರು. ಮುಂದೆ ಆಂಪಿಸಿಲಿನ್ ಮತ್ತು ಕೋ-ಟ್ರೈಮಾಕ್ಸಜೋಲ್ ಸಹ ಹಲವೆಡೆ ಸೋತವು. ಆಮೇಲೆ ಬಂದ ಸಿಪ್ರೊಫ್ಲಾಕ್ಸಸಿನ್ ಸಹ ಕ್ರಮೇಣ ಬಲಗುಂದಿತು. ಹೀಗೆ ಒಂದೊಂದೇ ಮೆಟ್ಟಿಲು ಕುಸಿದಂತೆ ವೈದ್ಯರು ಸೆಫ್ಟ್ರಿಯಾಕ್ಸೋನಿನ ಮೆಟ್ಟಿಲಿಗೆ ಬಂದು ನಿಂತರು.

2016ರ ಕೊನೆಯಲ್ಲಿ ಪಾಕಿಸ್ತಾನದ ಸಿಂಧ್ ಪ್ರಾಂತ್ಯದ ಹೈದರಾಬಾದ್ ನಗರದಲ್ಲಿ ಆ ಮೆಟ್ಟಿಲೂ ಕುಸಿಯಿತು. ಅಲ್ಲಿ ಹರಡಿದ ವಿಷಮಶೀತ ಜ್ವರದ ರೋಗಾಣುವಿನಲ್ಲಿ ಸಿಟಿಎಕ್ಸ್-ಎಂ-15 ಜೀನನ್ನು ಹೊತ್ತ ಪ್ಲಾಸ್ಮಿಡ್ ಪತ್ತೆಯಾಯಿತು. ಅದು ಕರುಳಿನ ಸಾಮಾನ್ಯ ನಿವಾಸಿಯಾದ ಈ. ಕೋಲೈಯಿಂದ ಬಂದಿರಬಹುದೆಂದು ಸಂಶೋಧಕರು ಗುರುತಿಸಿದರು. ಹಳೆಯ ಔಷಧಗಳೆಲ್ಲ ವಿಫಲವಾದ ಆ ರೋಗಿಗಳಿಗೆ ಅಜಿತ್ರೊಮೈಸಿನ್ ಮಾತ್ರೆಯೂ ದುಬಾರಿಯಾದ ಕಾರ್ಬಪೆನೆಮ್ ಚುಚ್ಚುಮದ್ದುಗಳೂ ಮಾತ್ರ ಉಳಿದವು. ಕುಡಿಯುವ ನೀರಿಗೆ ಚರಂಡಿಯ ನೀರು ಸೇರುತ್ತಿದ್ದುದು ರೋಗದ ಹರಡುವಿಕೆಗೆ ದಾರಿಯಾಗಿತ್ತು. ತೆಲಂಗಾಣದ ಹೈದರಾಬಾದಿನಲ್ಲಿ ತಯಾರಾಗುವ ಟೈಫಾಯ್ಡ್ ಲಸಿಕೆಯನ್ನು ಸಿಂಧಿನ ಹೈದರಾಬಾದಿನ ಮಕ್ಕಳಿಗೆ ಹಾಕಲಾಯಿತು. 2019ರಲ್ಲಿ ಪಾಕಿಸ್ತಾನವು ಈ ಬಗೆಯ ಲಸಿಕೆಯನ್ನು ತನ್ನ ನಿತ್ಯದ ಲಸಿಕಾ ಕಾರ್ಯಕ್ರಮಕ್ಕೆ ಸೇರಿಸಿದ ಮೊದಲ ದೇಶವಾಯಿತು.

ಭಾರತದಲ್ಲಿ ವಿಷಮಶೀತ ಜ್ವರಕ್ಕೆ ಸೆಫ್ಟ್ರಿಯಾಕ್ಸೋನ್ ಬಹುಪಾಲು ಈಗಲೂ ಫಲಕಾರಿ. ಆದರೆ ದೇಶದ ಆಸ್ಪತ್ರೆಗಳಲ್ಲಿ ಸಿಗುವ ಈ. ಕೋಲೈಗಳಲ್ಲಿ ಹೆಚ್ಚಿನವು ಈ ತಲೆಮಾರಿನ ಸೆಫಲೋಸ್ಪೋರಿನ್‌ಗಳಿಗೆ ಬಗ್ಗುವುದಿಲ್ಲ. ಸಿಂಧಿನಲ್ಲಿ ನಡೆದ ಜೀನಿನ ವರ್ಗಾವಣೆಗೆ ಬೇಕಾದ ಸಾಮಗ್ರಿ ಇಲ್ಲಿಯೂ ಇದೆ ಎಂಬುದೇ ಇದರ ಅರ್ಥ. ಶುದ್ಧ ನೀರು, ಶೌಚಾಲಯ, ಕೈತೊಳೆಯುವಿಕೆ ಮತ್ತು ಲಸಿಕೆ ಇವು ಸೋಂಕನ್ನೇ ತಡೆಯುವುದರಿಂದ ಔಷಧದ ಬಳಕೆಯನ್ನೂ ತಗ್ಗಿಸುತ್ತವೆ.

ತರಗತಿ ಚಟುವಟಿಕೆ: ಬೀಜಗಳ ಆಟ

ಬೇಕಾಗುವ ಸಾಮಗ್ರಿ: ಅವರೆಕಾಳು, ಹುಣಸೆಬೀಜ. ಮಕ್ಕಳನ್ನು ಎರಡು ತಂಡಗಳಾಗಿ ವಿಂಗಡಿಸಿ, ಪ್ರತಿ ತಂಡಕ್ಕೂ 18 ಅವರೆಕಾಳು ಮತ್ತು 2 ಹುಣಸೆಬೀಜಗಳನ್ನು ತಟ್ಟೆಯಲ್ಲಿಟ್ಟು ಕೊಡಬೇಕು. ಅವರೆ ಔಷಧಕ್ಕೆ ಬಗ್ಗುವ ಬ್ಯಾಕ್ಟೀರಿಯಾ. ಹುಣಸೆಬೀಜ ನಿರೋಧಕ ಬ್ಯಾಕ್ಟೀರಿಯಾ. ಉಳಿದ ಬೀಜಗಳು ಶಿಕ್ಷಕರ ಬಳಿಯಿರಲಿ.

ಮೊದಲ ತಂಡ ಔಷಧ ಪಡೆದ ತಂಡ. ಪ್ರತಿ ಸುತ್ತಿನಲ್ಲಿ 10 ಅವರೆಕಾಳುಗಳನ್ನು ತೆಗೆದು, ಉಳಿದ ಎಲ್ಲ ಬೀಜಗಳನ್ನೂ ಇಮ್ಮಡಿ ಮಾಡಬೇಕು. ಮೊದಲ ಸುತ್ತಿನ ಕೊನೆಗೆ 16 ಅವರೆ, 4 ಹುಣಸೆ. ಎರಡನೆಯದರಲ್ಲಿ 12 ಮತ್ತು 8. ಮೂರನೆಯದರಲ್ಲಿ 4 ಮತ್ತು 16. ಎರಡನೆಯ ತಂಡಕ್ಕೆ ಔಷಧವಿಲ್ಲ. ಅವರು ಪ್ರತಿ ಸುತ್ತಿನಲ್ಲಿ ಎಲ್ಲವನ್ನೂ ಇಮ್ಮಡಿ ಮಾಡಿ, ಆಹಾರ ಸಾಲದೆಂದು ಎರಡು ಬಗೆಯಲ್ಲಿಯೂ ಅರ್ಧದಷ್ಟನ್ನು ತೆಗೆಯಬೇಕು. ಅವರ ತಟ್ಟೆಯಲ್ಲಿ 18 ಮತ್ತು 2 ಹಾಗೆಯೇ ಉಳಿಯುತ್ತವೆ.

ಎರಡೂ ತಟ್ಟೆಗಳಲ್ಲಿ ಒಟ್ಟು ಬೀಜಗಳು 20 ಮಾತ್ರ. ಯಾವ ಅವರೆಕಾಳೂ ಹುಣಸೆಬೀಜವಾಗಿ ಮಾರ್ಪಡಲಿಲ್ಲ. ಹಾಗಾದರೆ ತಟ್ಟೆಯ ಬಣ್ಣ ಏಕೆ ಬದಲಾಯಿತು ಎಂದು ಕೇಳಬೇಕು. ಆಯ್ಕೆ ಎಂಬ ಪರಿಕಲ್ಪನೆಯನ್ನು ಮಕ್ಕಳೇ ತಮ್ಮ ಮಾತಿನಲ್ಲಿ ಹೇಳುವವರೆಗೆ ಶಿಕ್ಷಕರು ಆ ಪದವನ್ನು ಬಳಸದಿರುವುದು ಮೇಲು. ಬಳಿಕ ಒಂದು ಹುಣಸೆಬೀಜದ ಬಳಿ ಕಾಗದದ ಚೂರನ್ನಿಟ್ಟು, ಅದರ ನಕಲನ್ನು ಪಕ್ಕದ ಅವರೆಕಾಳಿಗೆ ದಾಟಿಸಿ ಪ್ಲಾಸ್ಮಿಡ್ಡಿನ ವರ್ಗಾವಣೆಯನ್ನು ತೋರಿಸಬಹುದು.

ಶಿಕ್ಷಕರ ಗಮನಕ್ಕೆ

ಸೂಜಿ ಹಾಕಿಸಿದರೆ ಯಾವ ಜ್ವರವಾದರೂ ಬೇಗ ಇಳಿಯುತ್ತದೆ ಎಂಬ ನಂಬಿಕೆ ಬಹಳ ಕಡೆ ಇದೆ. ವೈರಸ್ ಜ್ವರ ಕೆಲವು ದಿನಗಳಲ್ಲಿ ತಾನಾಗಿಯೇ ಇಳಿಯುತ್ತದೆ. ಅದರ ಹಿಂದಿನ ದಿನ ಹಾಕಿಸಿದ ಸೂಜಿಗೆ ಆ ಕೀರ್ತಿ ಸಲ್ಲುತ್ತದೆ. ಈ ನಂಬಿಕೆಯನ್ನು ಹೊತ್ತು ತಂದ ಮಗುವನ್ನು ಹಾಸ್ಯಮಾಡದೆ, ಕೋಶಭಿತ್ತಿಯ ಎರಡು ವಾಕ್ಯಗಳತ್ತ ಮತ್ತೆ ಕರೆದೊಯ್ಯಬೇಕು.

ಇದಕ್ಕೆ ವಿರುದ್ಧವಾದ ಅಪಾಯವೂ ಇದೆ. ಪ್ರತಿಜೈವಿಕ ಕೆಟ್ಟದ್ದೆಂಬ ಭಾವನೆ ಮಕ್ಕಳಲ್ಲಿ ಮೂಡಕೂಡದು. ಮೆನಿಂಜೈಟಿಸ್ ಅಥವಾ ನಂಜಿನಿಂದ ನರಳುವ ಮಗುವಿಗೆ ಈ ಚುಚ್ಚುಮದ್ದು ತಡವಾದರೆ ಜೀವವೇ ಹೋಗಬಹುದು. ಚುಚ್ಚುಮದ್ದು ಬೇಕೇ ಬೇಡವೇ ಎಂಬುದನ್ನು ನಿರ್ಧರಿಸುವವರು ವೈದ್ಯರು. ಶಿಕ್ಷಕರೂ ಅಲ್ಲ, ಔಷಧದ ಅಂಗಡಿಯವರೂ ಅಲ್ಲ. ಮಗು ಮನೆಗೆ ಒಯ್ಯಬೇಕಾದುದು ಮೂರು ನಡೆಗಳನ್ನು: ಚೀಟಿಯಿಲ್ಲದೆ ಪ್ರತಿಜೈವಿಕ ಕೊಳ್ಳದಿರುವುದು, ವೈದ್ಯರು ಹೇಳಿದಷ್ಟು ದಿನ ತಪ್ಪದೆ ಪಡೆಯುವುದು, ಹಿಂದೆ ಪೆನಿಸಿಲಿನ್ ಅಥವಾ ಬೇರೆ ಔಷಧ ಒಗ್ಗದಿದ್ದರೆ ಅದನ್ನು ವೈದ್ಯರಿಗೆ ಮೊದಲೇ ತಿಳಿಸುವುದು.

ಮೌಲ್ಯಮಾಪನದ ಪ್ರಶ್ನೆಗಳು

1. ಸೆಫ್ಟ್ರಿಯಾಕ್ಸೋನ್ ಬ್ಯಾಕ್ಟೀರಿಯಾವನ್ನು ಕೊಂದರೂ ಮನುಷ್ಯನ ಜೀವಕೋಶವನ್ನು ಕೊಲ್ಲುವುದಿಲ್ಲ. ಏಕೆ?
2. "ನನ್ನ ದೇಹಕ್ಕೆ ಆ ಔಷಧ ಅಭ್ಯಾಸವಾಗಿಬಿಟ್ಟಿದೆ" ಎಂಬ ಮಾತಿನಲ್ಲಿರುವ ತಪ್ಪನ್ನು ತಿದ್ದಿ ಬರೆಯಿರಿ.
3. ಒಬ್ಬ ರೋಗಿಯ ಅನಗತ್ಯ ಚುಚ್ಚುಮದ್ದು ಮತ್ತೊಬ್ಬ ರೋಗಿಯ ಚಿಕಿತ್ಸೆಯನ್ನು ಹೇಗೆ ಕಷ್ಟಗೊಳಿಸಬಹುದು? ಪ್ಲಾಸ್ಮಿಡ್ ಎಂಬ ಪದವನ್ನು ಬಳಸಿ ಉತ್ತರಿಸಿರಿ.
4. ವಿಷಮಶೀತ ಜ್ವರದ ನಿರೋಧಕತೆಯನ್ನು ತಡೆಯುವಲ್ಲಿ ಶುದ್ಧ ಕುಡಿಯುವ ನೀರಿನ ಪಾತ್ರವೇನು?