ವಂಶವೃಕ್ಷದಲ್ಲಿ ಯಾರ ಹೆಸರು ಇರಬೇಕು?

ಯಜಮಾನ ತೀರಿಕೊಂಡು ತಿಥಿ ಮುಗಿಯುತ್ತಿದ್ದಂತೆ ಜಮೀನಿರುವ ಮನೆಗಳಲ್ಲಿ ಪೌತಿ ಖಾತೆಯ ಮಾತು ಏಳುತ್ತದೆ. ಪಹಣಿಯಲ್ಲಿ ವಾರಸುದಾರರ ಹೆಸರು ಕೂರಬೇಕಾದರೆ ಮರಣ ಪ್ರಮಾಣಪತ್ರದ ಜೊತೆ ವಂಶವೃಕ್ಷ ಬೇಕು. ನಾಡಕಚೇರಿಗೆ ಅರ್ಜಿ ಕೊಟ್ಟರೆ ಗ್ರಾಮ ಆಡಳಿತ ಅಧಿಕಾರಿ ವಿಚಾರಿಸಿ, ನೆರೆಹೊರೆಯವರ ಸಹಿ ಹಾಕಿಸಿ ಮಹಜರು ಬರೆಯುತ್ತಾರೆ. ರಾಜಸ್ವ ನಿರೀಕ್ಷಕರ ವರದಿಯಾದ ಮೇಲೆ ಪತ್ರ ಕೈಗೆ ಬರುತ್ತದೆ. ಓಡಾಟ ಇದ್ದದ್ದೇ. ಎಡವಟ್ಟಾಗುವುದು ಅರ್ಜಿಯ ಜೊತೆ ಕೊಡುವ ಅಫಿಡವಿಟ್‌ನಲ್ಲಿ, ಅದರಲ್ಲೂ ಮೃತರಿಗೆ ಏನು ಸಂಬಂಧ ಎಂದು ಬರೆಯುವಲ್ಲಿ.

ಮನೆಯಲ್ಲಿ ಕರೆಯುವ ರೀತಿ ಅಲ್ಲಿ ನಡೆಯುವುದಿಲ್ಲ. ಚಿಕ್ಕಪ್ಪನ ಮಗನೂ ನಮಗೆ ತಮ್ಮನೇ, ಚಿಕ್ಕಮ್ಮನ ಮಗನೂ ತಮ್ಮನೇ. ಕಾಗದದಲ್ಲಿ ಬರೀ ‘ತಮ್ಮ’ ಎಂದು ಬಿದ್ದರೆ ಒಡಹುಟ್ಟಿದವನೆಂದೇ ಓದಿಕೊಳ್ಳುತ್ತಾರೆ. ‘ಅತ್ತೆ’ ಎಂದರೆ ತಂದೆಯ ತಂಗಿಯೋ, ಗಂಡನ ತಾಯಿಯೋ, ಬಿಡಿಸಿ ಬರೆಸಿ. ಹಳೆಯ ಪಹಣಿಯಲ್ಲಿ ‘ಬಿನ್’ ಎಂದಿದ್ದರೆ ಇಂಥವರ ಮಗ, ‘ಕೋಂ’ ಎಂದಿದ್ದರೆ ಇಂಥವರ ಹೆಂಡತಿ. ತಾತನ ಹೆಸರನ್ನೇ ಮೊಮ್ಮಗನಿಗೆ ಇಡುವ ನಮ್ಮಲ್ಲಿ ಈ ‘ಬಿನ್’ ಒಂದು ತಪ್ಪಿದರೆ ಎರಡು ತಲೆಮಾರು ಕಲಸಿಹೋಗುತ್ತವೆ. ಆಧಾರ್‌ನಲ್ಲಿ ಒಂದು ಹೆಸರು, ಪಹಣಿಯಲ್ಲಿ ಇನ್ನೊಂದು ಇದ್ದರೆ ‘ಉರುಫ್’ ಹಾಕಿ ಎರಡನ್ನೂ ಕಾಣಿಸಿ.

ಇನ್ನು ಸಾಕುಮಗ. ಕಾನೂನುಬದ್ಧವಾಗಿ ದತ್ತು ತೆಗೆದುಕೊಂಡಿದ್ದರೆ ಅವನು ಮಗನೇ. ಸುಮ್ಮನೆ ಸಾಕಿದ್ದರೆ ವಾರಸುದಾರನಲ್ಲ, ಅವನಿಗಾಗಿ ಉಯಿಲು ಬರೆದಿಡಬೇಕು.

ಉಯಿಲಿಲ್ಲದೆ ತೀರಿಕೊಂಡ ಹಿಂದೂ ಗಂಡಸಿನ ಸ್ವಯಾರ್ಜಿತ ಆಸ್ತಿ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ ಮೊದಲ ವರ್ಗದ ವಾರಸುದಾರರಿಗೆ ಹೋಗುತ್ತದೆ. (ಬೌದ್ಧ, ಜೈನ, ಸಿಖ್ಖರಿಗೂ ಇದೇ ಕಾಯ್ದೆ, ಮುಸ್ಲಿಮರಿಗೆ, ಕ್ರೈಸ್ತರಿಗೆ ಬೇರೆ.) ಹೆಂಡತಿ, ಗಂಡುಮಕ್ಕಳು, ಹೆಣ್ಣುಮಕ್ಕಳು ಎಂದು ಎಲ್ಲರೂ ಪಟಪಟ ಹೇಳುತ್ತಾರೆ. ಮರೆಯುವುದು ತಾಯಿಯನ್ನು. ಮಗನನ್ನು ಕಳೆದುಕೊಂಡ ತಾಯಿಗೂ ಮೊಮ್ಮಕ್ಕಳ ತಂದೆಯ ಆಸ್ತಿಯಲ್ಲಿ ಸರಿಪಾಲು ಉಂಟು. ತಾಯಿ, ಹೆಂಡತಿ, ಇಬ್ಬರು ಗಂಡುಮಕ್ಕಳು, ಒಬ್ಬ ಮಗಳು ಇದ್ದರೆ ಐದು ಸಮಪಾಲು. ತಂದೆ ಮಾತ್ರ ಎರಡನೇ ವರ್ಗದಲ್ಲಿದ್ದಾನೆ. ಮೊದಲ ವರ್ಗದಲ್ಲಿ ಒಬ್ಬರಿದ್ದರೂ ಅವನ ಸರದಿ ಬರುವುದಿಲ್ಲ. ಯಾಕೆ ಹೀಗೆ ಎಂದು ಕೇಳುವ ಅಪ್ಪಂದಿರ ಪ್ರಶ್ನೆ ನ್ಯಾಯವಾದದ್ದೇ, ಕಾಯ್ದೆ ಇರುವುದು ಮಾತ್ರ ಹಾಗೆ. ಬದುಕಿರುವ ಮಗನ ಹೆಂಡತಿಗೆ ಪಾಲಿಲ್ಲ. ಆದರೆ ಮಗ ಮೊದಲೇ ತೀರಿಕೊಂಡಿದ್ದರೆ ಅವನ ವಿಧವೆ ಮತ್ತು ಮಕ್ಕಳು ಅವನಿಗೆ ಬರಬೇಕಿದ್ದ ಒಂದು ಪಾಲಿಗೆ ಹಕ್ಕುದಾರರು.

ಬೇಕೆಂದೇ ಬಿಡುವ ಹೆಸರು ಮಗಳದು. ‘ಮದುವೆಯಲ್ಲೇ ಕೊಟ್ಟಾಯಿತಲ್ಲ’ ಎಂಬ ಮಾತಿಗೆ ಕಾನೂನಿನಲ್ಲಿ ಕವಡೆ ಕಿಮ್ಮತ್ತಿಲ್ಲ. ಕರ್ನಾಟಕದ 1994ರ ತಿದ್ದುಪಡಿ ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಜನ್ಮತಃ ಹಕ್ಕು ಕೊಟ್ಟರೂ ಅಷ್ಟರೊಳಗೆ ಮದುವೆಯಾದವರನ್ನು ಹೊರಗಿಟ್ಟಿತ್ತು. 2005ರ ಕೇಂದ್ರ ತಿದ್ದುಪಡಿಯಲ್ಲಿ ಆ ಭೇದ ಇಲ್ಲ. ತಂದೆ ಆ ದಿನ, ಅಂದರೆ 2005ರ ಸೆಪ್ಟೆಂಬರ್ 9ರಂದು, ಬದುಕಿರಲೇಬೇಕೆಂದೂ ಇಲ್ಲವೆಂದು ಸುಪ್ರೀಂ ಕೋರ್ಟ್ 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಹೇಳಿತು. 2004ರ ಡಿಸೆಂಬರ್ 20ಕ್ಕೂ ಮೊದಲು ಸರಿಯಾಗಿ ಆಗಿಹೋದ ವಿಭಾಗಗಳನ್ನು ಮಾತ್ರ ಇದು ಮುಟ್ಟುವುದಿಲ್ಲ. ಅಣ್ಣತಮ್ಮಂದಿರಿಗೇ ಇರಲಿ ಎಂದು ಮಗಳು ಮನಸಾರೆ ಬಿಟ್ಟುಕೊಡುವುದಾದರೆ ಹಕ್ಕು ಬಿಡುಗಡೆ ಪತ್ರ ಉಪನೋಂದಣಿ ಕಚೇರಿಯಲ್ಲಿ ನೋಂದಣಿಯಾಗಬೇಕು. ಛಾಪಾ ಕಾಗದದ ಮೇಲೆ ಹೆಬ್ಬೆಟ್ಟು ಒತ್ತಿಸಿಕೊಂಡರೆ ಸಾಲದು. ಆಗಲೂ ವಂಶವೃಕ್ಷದಲ್ಲಿ ಅವಳ ಹೆಸರು ಇರಲೇಬೇಕು.

ಮೊದಲ ಹೆಂಡತಿ ಇರುವಾಗಲೇ ಆದ ಎರಡನೇ ಮದುವೆ ಊರ್ಜಿತವಲ್ಲ, ಆಕೆ ವಾರಸುದಾರಳೂ ಅಲ್ಲ. ಅವಳ ಮಕ್ಕಳ ವಿಷಯ ಬೇರೆ. ರೇವಣಸಿದ್ದಪ್ಪ ಪ್ರಕರಣದಲ್ಲಿ 2023ರ ಸೆಪ್ಟೆಂಬರ್‌ನಲ್ಲಿ ಬಂದ ಸುಪ್ರೀಂ ಕೋರ್ಟ್ ತೀರ್ಪಿನಂತೆ, ಒಟ್ಟು ಕುಟುಂಬದ ಆಸ್ತಿಯಲ್ಲಿ ತಂದೆಗೆ ಬರುತ್ತಿದ್ದ ಪಾಲಿನಲ್ಲಿ ಆ ಮಕ್ಕಳಿಗೂ ಹಕ್ಕಿದೆ. ಕರಾವಳಿಯ ಅಳಿಯಸಂತಾನ ಕುಟುಂಬಗಳಲ್ಲೂ 1956ರ ಬಳಿಕ ತೀರಿಕೊಂಡವರ ಪಾಲು ಸೋದರಳಿಯನಿಗೆ ತಾನಾಗಿ ಹೋಗುವುದಿಲ್ಲ, ಕಾಯ್ದೆಯಂತೆ ಹಂಚಿಕೆಯಾಗುತ್ತದೆ.

ನಿಮ್ಮ ಹೆಸರು ಬಿಟ್ಟು ಪೌತಿ ಖಾತೆಗೆ ಅರ್ಜಿ ಹೋಗಿದೆಯೆಂದು ತಿಳಿದರೆ ಮ್ಯುಟೇಶನ್ ನೋಟಿಸ್‌ನ ಅವಧಿಯೊಳಗೆ ಲಿಖಿತ ತಕರಾರು ಸಲ್ಲಿಸಿ, ಸ್ವೀಕೃತಿ ಪಡೆಯಿರಿ. ಖಾತೆ ಆಗಿಹೋಗಿದ್ದರೆ ಕರ್ನಾಟಕ ಭೂಕಂದಾಯ ಕಾಯ್ದೆ 1964ರ ಕಲಂ 136ರಡಿ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕಬಹುದು. ಎದೆಗುಂದಬೇಕಿಲ್ಲ: ಪಹಣಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಮಾಲೀಕತ್ವ ಹುಟ್ಟುವುದಿಲ್ಲ, ಹೆಸರು ಬಿಟ್ಟ ಮಾತ್ರಕ್ಕೆ ಹಕ್ಕು ಸಾಯುವುದೂ ಇಲ್ಲ. ಪಾಲಿನ ಅಂತಿಮ ತೀರ್ಮಾನ ಸಿವಿಲ್ ನ್ಯಾಯಾಲಯದ್ದು.

ಅಲ್ಲಿ ಮುತ್ತಜ್ಜನ ಕಾಲದ ಸಂಬಂಧ ಸಾಬೀತು ಮಾಡಬೇಕಾದಾಗ ಶಾಲೆಯ ದಾಖಲಾತಿ, ಹಳೆಯ ವಿಭಾಗಪತ್ರ, ಸಮಾಧಿ ಕಲ್ಲಿನ ಬರಹ ಎಲ್ಲವೂ ನೆರವಿಗೆ ಬರುತ್ತವೆ. ಮನೆಮನೆಯ ವಂಶಾವಳಿ ಹೇಳುತ್ತ ಊರೂರು ಸುತ್ತುವ ಹೆಳವರ ಹೊತ್ತಗೆಯನ್ನೂ ಒಮ್ಮೆ ವಕೀಲರಿಗೆ ತೋರಿಸಿ. ತೀರಿಕೊಂಡ ಹಿರಿಯರು ಬರೆದಿಟ್ಟ ವಂಶಾವಳಿಯನ್ನು ಸಾಕ್ಷ್ಯ ಕಾನೂನು ಒಪ್ಪುತ್ತದೆ. ಆದರೆ ಅದು ತಕರಾರು ಏಳುವುದಕ್ಕೆ ಮೊದಲೇ ಬರೆದದ್ದಾಗಿರಬೇಕು.